ಹಾವುರಾಣಿಯ ಪುಟ

ಜೂಜುವಾಡಿ
ಭಾನುವಾರ, 9 ನವೆಂಬರ್ 2025

ಪ್ರೀತಿಯ ರಾಧಾಮಣಿಗೆ,

ಇಲ್ಲ ರಾಧಾ, ತಪ್ಪು ಪುಸ್ತಕದ್ದಲ್ಲ. ಬೇರೆ ಏನು ಬೇಕಾದರೂ ಅನ್ನು, ಕೇಳಿಕೊಳ್ಳುತ್ತೇನೆ. ನನ್ನ ತಲೆ ನೆಟ್ಟಗಿರಲಿಲ್ಲ ಅಂದೆ, ಒಪ್ಪಿದೆ. ಮಾವನ ಮನೆ ಜಗುಲಿಯಲ್ಲಿ ನಾಲ್ಕು ಜನರ ಮುಂದೆ ಮೆರೆಯೋಕೆ ಹೋದೆ ಅಂದೆ, ಅದನ್ನೂ ಒಪ್ಪಿದೆ. ಆದರೆ "ಆ ದರಿದ್ರದ ಬುಕ್ಕು ನಮ್ಮಪ್ಪನ ಗಂಟ್ಲು ನುಂಗ್ತು" ಅಂದೆಯಲ್ಲ, ಆ ಒಂದು ಮಾತು ಮಾತ್ರ ನನಗೆ ಇಳಿಯುತ್ತಿಲ್ಲ.

ನಿಮ್ಮಣ್ಣ ಉಮಾಶಂಕರನ ಫೋನಿನಿಂದ ನೀನು ಕಳಿಸಿದ ಮಾತನ್ನು ಗುರುವಾರದಿಂದ ಎಷ್ಟು ಸಲ ಕೇಳಿದೆನೋ ಲೆಕ್ಕವಿಲ್ಲ. "ಆ ಬುಕ್ನ ಸುಟ್ಟಾಕಿ ಒಂದು ಫೋಟೋ ಕಳ್ಸಿ. ಆಮೇಲೆ ಬಂದು ನನ್ನ ಕರ್ಕೊಂಡೋಗಿ." ಅಷ್ಟೇ. ಹಿಂದೆ ಎಲ್ಲೋ ಒಂದು ಮೇಕೆ ಅರಚುತ್ತಿತ್ತು. ಕಳ್ಸಿ, ಕರ್ಕೊಂಡೋಗಿ. ಕೋಪ ಬಂದರೆ ನೀನು ನನಗೆ "ನೀನು" ಅನ್ನುತ್ತೀಯ, ಕೋಪ ಇಳಿದರೆ "ನೀವು". ಮೂರು ತಿಂಗಳಾದ ಮೇಲೆ "ನೀವು" ಅಂದಿದ್ದೀಯ. ಒಂದು ಬೆಂಕಿಕಡ್ಡಿ ಗೀರಿದರೆ ಸಾಕು, ನೀನು ಮನೆಗೆ ಬರುತ್ತೀಯ. ಇಷ್ಟು ಸುಲಭ ಮಾಡಿಕೊಟ್ಟಿದ್ದಕ್ಕೇ ಈ ಕಾಗದ ಬರೆಯೋಕೆ ನನಗೆ ನಾಲ್ಕು ದಿನ ಹಿಡಿಯಿತು.

ಫೋನಿನಲ್ಲೇ ಹೇಳಬಹುದಿತ್ತು. ಆದರೆ ನಾಟ್ರಾಂಪಾಳ್ಯದಲ್ಲಿ ಸಿಗ್ನಲ್ ಸಿಗೋದು ನಿಮ್ಮ ಮನೆ ಹಿಂದಿನ ಬಂಡೆಯ ಮೇಲೆ ಮಾತ್ರ. ಬಂಡೆಯ ಮೇಲೆ ನಿಂತುಕೊಂಡು, ಗಾಳಿಗೆ ಸೆರಗು ಹಿಡಿದುಕೊಂಡು, ಅರ್ಧ ಕೇಳಿ ಅರ್ಧ ಬಿಡುವ ಮಾತಲ್ಲ ಇದು. ಅರ್ಧ ಕೇಳಿಸಿಕೊಂಡಿದ್ದರಿಂದ ಏನಾಯಿತು ಅಂತ ನಾವಿಬ್ಬರೂ ನೋಡಿದ್ದೇವೆ.

ನಿನಗೆ ಗೊತ್ತಿರುವುದನ್ನೇ ಮೊದಲು ಬರೆಯುತ್ತೇನೆ. ಗೊತ್ತಿಲ್ಲದ್ದನ್ನು ಬರೆಯೋಕೆ ಕೈ ಸ್ವಲ್ಪ ಪಳಗಲಿ.

ಹೋದ ವರ್ಷ ಕಂಪನಿ ಕೆಲಸ ಬಿಟ್ಟು ಚೆಕ್‌ಪೋಸ್ಟ್ ಹಿಂದಿನ ಗುಜರಿ ಅಂಗಡಿಗೆ ಸೇರಿದೆನಲ್ಲ, ಹಳೇ ಪೇಪರ್ ವಿಂಗಡಿಸೋಕೆ. "ಇದು ಎಷ್ಟ್ ದಿನಾನೋ" ಅಂತ ನೀನು ಸೊಪ್ಪು ಬಿಡಿಸುತ್ತಾ ಅಂದಿದ್ದು ಇನ್ನೂ ಕಿವಿಯಲ್ಲಿದೆ. ಅಲ್ಲಿ ಅತ್ತಿಬೆಲೆ ಕಡೆಯಿಂದ ಬಂದ ಒಂದು ಮೂಟೆಯಲ್ಲಿ ಸಿಕ್ಕಿತ್ತು ಅದು. ರಟ್ಟಿಲ್ಲ. ಮೊದಲ ಎಂಟು ಪುಟ ಇಲ್ಲ. ಹೆಸರೇನೋ, ಬರೆದವರು ಯಾರೋ, ಇವತ್ತಿಗೂ ನನಗೆ ಗೊತ್ತಿಲ್ಲ. ಒಂಬತ್ತನೇ ಪುಟದಿಂದ ಶುರು. ಮೇಲೆ ದಪ್ಪ ಅಕ್ಷರದಲ್ಲಿ ಜನ ನಂಬುವ ಒಂದು ಮಾತು, ಅದರ ಕೆಳಗೆ "ತಪ್ಪು", ಅದರ ಕೆಳಗೆ ಯಾಕೆ ತಪ್ಪು ಅಂತ ವಿವರ. ಹಾವು ಹಾಲು ಕುಡಿಯುತ್ತದೆ, ತಪ್ಪು. ಫಿಟ್ಸ್ ಬಂದವನ ಕೈಗೆ ಕಬ್ಬಿಣ ಕೊಟ್ಟರೆ ನಿಲ್ಲುತ್ತದೆ, ತಪ್ಪು. ಗ್ರಹಣದ ಹೊತ್ತು ಬಸುರಿ ಹೆಂಗಸು ತರಕಾರಿ ಹೆಚ್ಚಿದರೆ ಮಗುವಿನ ತುಟಿ ಸೀಳುತ್ತದೆ, ತಪ್ಪು. ಬಾವಲಿಗೆ ಕಣ್ಣು ಕಾಣಲ್ಲ, ತಪ್ಪು.

ಆ "ತಪ್ಪು" ಅನ್ನುವ ಮಾತು ನನಗೆ ಎಷ್ಟು ರುಚಿಸಿತು ಅಂತ ಹೇಗೆ ಹೇಳಲಿ? ತಳಿ ಊರಿನ ಸ್ಕೂಲಿನಲ್ಲಿ ಓದುವಾಗ ಹತ್ತು ವರ್ಷ ಆ ಮಾತನ್ನು ಕೆಂಪು ಇಂಕಿನಲ್ಲಿ ಬೇರೆಯವರು ನನಗೆ ಬರೆದಿದ್ದರು. ಕಂಪನಿಯಲ್ಲಿ ಸೂಪರ್‌ವೈಸರ್ ದಿನಾ ಹೇಳುತ್ತಿದ್ದ. ಹುಟ್ಟಿದ ಮೇಲೆ ಮೊದಲ ಸಲ ನಾನೂ ಒಬ್ಬರಿಗೆ ಅದನ್ನು ಹೇಳಬಹುದು ಅನ್ನಿಸಿತು. ಪಕ್ಕದ ಮನೆ ಸೆಲ್ವಿ ಅಕ್ಕ ನೆಗಡಿ ಅಂತ ಮಗನಿಗೆ ಬಾಳೆಹಣ್ಣು ಕೊಡದೆ ಅಳಿಸುತ್ತಿದ್ದಾಗ ಗೋಡೆಯ ಈ ಕಡೆಯಿಂದಲೇ "ತಪ್ಪು!" ಅಂತ ಕೂಗಿದ್ದೆ. "ತಂಬಿ, ಉನ್ ವೇಲೆಯೆ ಪಾರು" ಅಂದಳು, ನಿನ್ನ ಕೆಲಸ ನೋಡ್ಕೋ ಅಂತ. ನೀನು ಬಾಯಿಗೆ ಸೆರಗು ಇಟ್ಟುಕೊಂಡು ನಕ್ಕಿದ್ದೆ. ಆಗ ನಗು ಇತ್ತು ನಮ್ಮ ಮನೆಯಲ್ಲಿ.

ನಿಮ್ಮ ಮನೆಯಲ್ಲಿ ಮಾತ್ರ ನನ್ನ ಬೆಲೆ ಏನು ಅಂತ ನನಗೆ ಗೊತ್ತಿತ್ತು. ನಿಮ್ಮಣ್ಣ ಬಿ.ಎ. ಓದಿದವನು, ಕೃಷ್ಣಗಿರಿಯಲ್ಲಿ ಆಫೀಸು ಕೆಲಸ. ನಾನು ಪುಸ್ತಕ ತೆಗೆದ ಕೂಡಲೇ, "ಹತ್ತನೇ ಕ್ಲಾಸ್ ಪ್ರೊಫೆಸರು ಬಂದ್ರು, ಎಲ್ಲಾರೂ ಕೈ ಕಟ್ಕೊಂಡ್ ಕೂತ್ಕೊಳ್ರಪ್ಪಾ" ಅನ್ನುತ್ತಿದ್ದ. ಎಲ್ಲರೂ ನಗುತ್ತಿದ್ದರು. ನಗದೆ ಕೇಳುತ್ತಿದ್ದವರು ಮಾವ ಒಬ್ಬರೇ. "ಏಮಲ್ಲುಡೂ, ಏನಂತದೆ ಇವತ್ತು ನಿನ್ನ ಬುಕ್ಕು?" ಅಂತ ಅವರೇ ಬಂದು ಪಕ್ಕದಲ್ಲಿ ಕೂರುತ್ತಿದ್ದರು. ಅಳಿಯನನ್ನು ತೆಲುಗಿನಲ್ಲಿ ಅಲ್ಲುಡು ಅನ್ನುತ್ತಾರೆ ಅಂತ ನನಗೆ ಗೊತ್ತಾಗಿದ್ದೇ ಅವರ ಬಾಯಿಂದ. ಹಾವು ಹಾಲು ಕುಡಿಯಲ್ಲ ಅಂತ ಓದಿ ಹೇಳಿದಾಗ ಬಹಳ ಹೊತ್ತು ಯೋಚನೆ ಮಾಡಿ, "ಹಾವು ಕುಡೀದಿದ್ರೆ ಬುಡು, ಇರ್ವೆ ಕುಡೀತದೆ. ಇರ್ವೇಗೂ ವರ್ಷಕ್ಕೊಂದು ಹಬ್ಬ ಬ್ಯಾಡ್ವಾ?" ಅಂದಿದ್ದರು.

ಅವರ ಗಂಟಲು ನೆನಪಿದೆಯಲ್ಲ ನಿನಗೆ. ನಿನಗಲ್ಲದೆ ಇನ್ಯಾರಿಗೆ ನೆನಪಿರಬೇಕು? ಸಂಜೆ ಬಂಡೆ ಹತ್ತಿ ಒಂದು ಕೂಗು ಹಾಕಿದರೆ ಹಳ್ಳದ ಆಚೆ, ಕಾಡಿನಂಚಿನಲ್ಲಿ ಮೇಯುತ್ತಿದ್ದ ಮೇಕೆಗಳೆಲ್ಲ ಒಟ್ಟಿಗೆ ತಲೆ ಎತ್ತುತ್ತಿದ್ದವು. ಹೆಣ್ಣು ನೋಡೋಕೆ ಬಂದ ದಿನ ನಾವು ದಾರಿ ತಪ್ಪಿ ಬೇರೆ ಗುಡ್ಡ ಹತ್ತಿಬಿಟ್ಟಿದ್ದೆವು. ಅವರು ಈ ಗುಡ್ಡದಿಂದ ಕೂಗಿದರು. ಅಷ್ಟು ದೂರದಿಂದ ನನ್ನ ಹೆಸರನ್ನು ಯಾರೂ ಯಾವತ್ತೂ ಕರೆದಿರಲಿಲ್ಲ.

ಈಗ ಆ ಎರಡು ದಿನದ ವಿಷಯ.

ಆಗಸ್ಟ್ ತಿಂಗಳು, ಉಮಾಶಂಕರನ ಮಗಳಿಗೆ ಕಿವಿ ಚುಚ್ಚಿಸಿದ ದಿನ. ಮನೆ ತುಂಬ ನೆಂಟರು. ಮಧ್ಯಾಹ್ನ ಊಟ ಆದ ಮೇಲೆ ಸೌದೆ ಒಟ್ಟಿದ್ದ ಕಡೆಯಿಂದ ಒಂದು ಹಾವುರಾಣಿ ಅಂಗಳಕ್ಕೆ ಓಡಿ ಬಂತು. ಲಕ್ಷ್ಮಿದೇವಮ್ಮ ಅತ್ತೆ ಈ ವಯಸ್ಸಿನಲ್ಲಿ ಒರಳುಕಲ್ಲಿನ ಮೇಲೆ ಹತ್ತಿ ನಿಂತರು. ಹಲ್ಲಿಯ ಜಾತಿಯ ಒಂದು ಬಡ ಪ್ರಾಣಿ ಅದು, ನಾಲ್ಕು ಪುಟ್ಟ ಕಾಲು, ಎಣ್ಣೆ ಸವರಿದ ಹಾಗೆ ಮೈ. ಆದರೆ ನಮ್ಮ ಕಡೆ ಅದಕ್ಕೆ ಮೂರು ಭಾಷೆಯಲ್ಲೂ ಕೆಟ್ಟ ಹೆಸರು. ಕನ್ನಡದವರು ಹಾವಿನ ರಾಣಿ ಮಾಡಿದ್ದೇವೆ. ತಮಿಳಿನವರು ಅರಣೈ ಕಡಿಚ್ಚಾ ಮರಣಂ, ಕಚ್ಚಿದರೆ ಸಾವೇ ಅಂತ ಪ್ರಾಸ ಕಟ್ಟಿದ್ದಾರೆ. ನಿಮ್ಮ ಮನೆಯ ತೆಲುಗಿನಲ್ಲಿ ಅದರ ಹೆಸರೇ ನಲಿಕಂಡ್ಲ ಪಾಮು, ಬಾಯಿ ಮಾತಿಗೆ ಕಂಡ್ಲ ಪಾಮು. ಪಾಮು ಅಂದರೆ ಹಾವು ಅಂತ ಆದ ಮೇಲೆ ಕಾಲು ನಾಲ್ಕಿದ್ದರೇನು, ನಲವತ್ತಿದ್ದರೇನು, ಹೆದರಿಕೆ ಹೋಗುತ್ತದೆಯೇ?

ನಾನು ಟವೆಲ್ ಎಸೆದು ಅದನ್ನು ಹಿಡಿದೆ. ಪುಸ್ತಕ ತರಿಸಿ ಎಪ್ಪತ್ತೊಂದನೇ ಪುಟ ಓದಿದೆ. "ಹಾವುರಾಣಿ ಕಚ್ಚಿದರೆ ಸಾವು ಖಂಡಿತ. ತಪ್ಪು. ಇದಕ್ಕೆ ವಿಷವೇ ಇಲ್ಲ." ಉಮಾಶಂಕರ ಬಿಡಲಿಲ್ಲ. "ಓದದು ಯಾರ್ ಬೇಕಾದ್ರೂ ಓದ್ತಾರೆ ಬಾವ. ಎಲ್ಲಿ, ಕಚ್ಚಿಸ್ಕೊಳ್ಳಿ ನೋಡಾನ" ಅಂದ. ನಾನು ಹೆಬ್ಬೆರಳು ಕೊಟ್ಟೆ. ಕಚ್ಚಿತು. ಬಟ್ಟೆ ಒಣಹಾಕುವ ಕ್ಲಿಪ್ ಹಿಡಿದಷ್ಟು ನೋವು, ಅಷ್ಟೇ. ಹತ್ತು ನಿಮಿಷ ಎಲ್ಲರೂ ನಾನು ಬೀಳುತ್ತೇನಾ ಅಂತ ನೋಡುತ್ತಾ ನಿಂತರು. ನಾನು ಬೀಳಲಿಲ್ಲ, ಎರಡನೇ ಸಲ ಪಾಯಸ ಹಾಕಿಸಿಕೊಂಡೆ. ಮಾವ ಚಪ್ಪಾಳೆ ತಟ್ಟಿದರು. ಅವತ್ತು ನೀನು ಅಡುಗೆ ಮನೆ ಬಾಗಿಲಲ್ಲಿ ನಿಂತು ನನ್ನನ್ನು ನೋಡಿದ ನೋಟ, ಮದುವೆಯಾಗಿ ಮೂರು ವರ್ಷದಲ್ಲಿ ಯಾವತ್ತೂ ನೋಡಿರದ ನೋಟ. ನನ್ನ ಗಂಡ ಅನ್ನುವ ಹಾಗೆ. ಅದನ್ನು ಇಲ್ಲಿ ಯಾಕೆ ಬರೆದೆ ಅಂತ ಕೊನೆಗೆ ಗೊತ್ತಾಗುತ್ತದೆ.

ಮಾರನೇ ದಿನ ಬೆಳಗ್ಗೆ ಆರು ಗಂಟೆ. ಇನ್ನೂ ಮಬ್ಬಿತ್ತು. ಅಂಚೆಟ್ಟಿಗೆ ಟೊಮೆಟೊ ಸಾಗಿಸುವ ಜೀಪು ನಿಮ್ಮ ಮನೆ ಮುಂದೆಯೇ ನಿಂತಿತ್ತು, ಅದರಲ್ಲೇ ಹೋಗುವ ನೆಂಟರು ಬ್ಯಾಗು ಹಾಕುತ್ತಿದ್ದರು. ನಾವೆಲ್ಲ ಜಗುಲಿಯಲ್ಲಿ ಕಾಫಿ ಕುಡಿಯುತ್ತಿದ್ದೆವು. ಹಸುವಿಗೆ ಹುಲ್ಲು ಹಿರಿಯೋಕೆ ಮೆದೆ ಹತ್ತಿರ ಹೋಗಿದ್ದ ಮಾವ ಎಡಗೈ ಬೆರಳು ಹಿಡಿದುಕೊಂಡು ಬಂದರು. ಕೂಗಿದರೆ ಆಚೆ ಗುಡ್ಡಕ್ಕೆ ಕೇಳುವ ಮನುಷ್ಯ, ಹೆಣ್ಣುಮಕ್ಕಳು ಹೆದರುತ್ತಾರೆ ಅಂತ ನನ್ನ ಕಿವಿಯ ಹತ್ತಿರ ಬಂದು ಮೆಲ್ಲಗೆ ಹೇಳಿದರು. ಹುಲ್ಲಿನಲ್ಲಿ ಕೈಗೆ ಏನೋ ತಗಲಿತು, ಇರುವೆ ಕಚ್ಚಿದಷ್ಟು ಚುರುಕ್ ಅಂತು, ಇಂಥದ್ದು ಇದ್ದ ಹಾಗಿತ್ತು ಅಂತ ಒಂದು ಹೆಸರು ಹೇಳಿದರು.

ಆ ಹೆಸರು ಏನು ಅಂತ ನೀವೆಲ್ಲ ಇಷ್ಟು ದಿನ ನಂಬಿದ್ದೀರಿ. ಕಂಡ್ಲ ಪಾಮು ಅಂದರು ಅಂತ.

ನಾನು ಜಗುಲಿಗೆಲ್ಲ ಕೇಳುವ ಹಾಗೆ, "ಕಂಡ್ಲ ಪಾಮಂತೆ! ನೆನ್ನೆ ನಂಗೆ ಕಚ್ಚಿದ್ರ ತಮ್ಮ ಇರ್ಬೇಕು, ಅಣ್ಣನ್ನ ಹುಡೀಕೊಂಡ್ ಬಂದವ್ನೆ!" ಅಂದೆ. ಎಲ್ಲರೂ ನಕ್ಕರು. ಉಮಾಶಂಕರನೂ ನಕ್ಕ. ಅತ್ತೆ ಒಬ್ಬರೇ, "ಯಾವ್ದಾನಾ ಆಗ್ಲಿ, ಜೀಪೈತಲ್ಲ, ಅಂಚೆಟ್ಟಿಗೆ ಹೋಗ್ಬುಟ್ಟು ಒಂದು ಸೂಜಿ ಹಾಕಿಸ್ಕೊಂಡ್ ಬರ್ಲಿ" ಅಂದರು. "ವಿಷಾನೇ ಇಲ್ದಿದ್ದಕ್ಕೆ ಸೂಜಿ ಯಾಕತ್ತೆ? ನೆನ್ನೆ ನೋಡಿಲ್ವಾ ನೀವು?" ಅಂದೆ ನಾನು. ಜೀಪಿನವನು ಎರಡು ಸಲ ಹಾರನ್ ಹಾಕಿ, ನೆಂಟರನ್ನು ತುಂಬಿಕೊಂಡು ಹೊರಟುಹೋದ. ಮಾವ ನನ್ನನ್ನು ಒಂದು ಗಳಿಗೆ ನೋಡಿದರು. "ಬುಕ್ಕಲ್ಲಿ ಅಂಗಿದ್ರೆ ಸರಿ ಬುಡು" ಅಂದು ಹಾಲು ಕರೆಯೋಕೆ ಹೋದರು.

ಏಳೂವರೆಗೆ "ಯಾಕೋ ನಿದ್ದೆ ಬತ್ತಾ ಐತೆ" ಅಂತ ಕಂಬಕ್ಕೆ ಒರಗಿದರು. ರೆಪ್ಪೆ ಎತ್ತೋಕೆ ಆಗುತ್ತಿರಲಿಲ್ಲ. ನೀನು ಕೊಟ್ಟ ಕಾಫಿ ಬಾಯಿಂದ ಹೊರಗೆ ಹರಿದು ಅಂಗಿಯ ಮೇಲೆ ಬಿತ್ತು. ಮೊದಲು ಕಿರುಚಿದ್ದು ನೀನು. ಬೆರಳಲ್ಲಿ ಊತ ಇರಲಿಲ್ಲ, ರಕ್ತ ಇರಲಿಲ್ಲ, ಎರಡು ಚುಕ್ಕೆ ಕೂಡ ಸರಿಯಾಗಿ ಕಾಣುತ್ತಿರಲಿಲ್ಲ. ಮಾವನಿಗೆ ಕಚ್ಚಿದ್ದು ಕಟ್ಟುಹಾವು ಅಂತ ಆಮೇಲೆ ಆಸ್ಪತ್ರೆಯಲ್ಲಿ ಗೊತ್ತಾಯಿತು, ಆ ವಿಷದ ಹಾವು ಕಚ್ಚಿದರೆ ಹಾಗೇ ಅಂತೆ. ಉಮಾಶಂಕರ ಬೈಕ್ ತೆಗೆದ, ನಾನು ಹಿಂದೆ ಕೂತು ಮಾವನನ್ನು ನಡುವೆ ತಬ್ಬಿ ಹಿಡಿದುಕೊಂಡೆ. ಆ ತಿರುವುಗಳಲ್ಲಿ ಅವರ ತಲೆ ನನ್ನ ಭುಜದ ಮೇಲೆ ಆ ಕಡೆಗೂ ಈ ಕಡೆಗೂ ಉರುಳುತ್ತಿತ್ತು. ಅಂಚೆಟ್ಟಿಯಲ್ಲಿ ಸೂಜಿ ಹಾಕಿ ಆಂಬುಲೆನ್ಸಿನಲ್ಲಿ ಕೃಷ್ಣಗಿರಿಗೆ ಕಳಿಸಿದರು. ಅಲ್ಲಿ ಹತ್ತೊಂಬತ್ತು ದಿನ ಮಿಷನ್ನು ಅವರ ಬದಲು ಉಸಿರಾಡಿತು. ಗಂಟಲಿಗೆ ತೂತು ಮಾಡಿ ಕೊಳವೆ ಇಟ್ಟರು. ಕಚ್ಚಿದ ಕೂಡಲೇ ಬಂದಿದ್ದರೆ ಇಷ್ಟೆಲ್ಲ ಬೇಕಾಗುತ್ತಿರಲಿಲ್ಲವೇನೋ ಅಂತ ಡಾಕ್ಟರು ತಮಿಳಿನಲ್ಲಿ ಹೇಳಿದ್ದನ್ನು ನಿನಗೆ ಕನ್ನಡದಲ್ಲಿ ಹೇಳಬೇಕಾಗಿ ಬಂದವನೂ ನಾನೇ. ಅದರಲ್ಲಿ ಅರ್ಧ ನುಂಗಿಕೊಂಡೆ.

ಆಮೇಲೆ ಆ ದಿನ. ತೂತಿನ ಮೇಲೆ ಬೆರಳಿಟ್ಟು ಮುಚ್ಚಿಕೊಂಡು ಮಾತಾಡಿ ಅಂತ ನರ್ಸಮ್ಮ ಹೇಳಿಕೊಟ್ಟರು. ನೀನು, ಅತ್ತೆ, ಉಮಾಶಂಕರ ಮಂಚದ ಸುತ್ತ. ನಾನು ಕಾಲ ಕಡೆ, ಟಿಫಿನ್ ಕ್ಯಾರಿಯರ್ ಹಿಡಿದುಕೊಂಡು. ನಿಮ್ಮಣ್ಣ ಹತ್ತೊಂಬತ್ತು ದಿನದಿಂದ ನನ್ನ ಜೊತೆ ಮಾತು ಬಿಟ್ಟಿದ್ದ, ಕೈ ಮಾಡಬಾರದು ಅಂತ ಜೇಬಿನಲ್ಲಿ ಕೈ ಇಟ್ಟುಕೊಂಡಿದ್ದ. ಮಾವ ಬೆರಳಿಟ್ಟರು. ಮೊದಲು ಬರೀ ಗಾಳಿ ಬಂತು. ಆಮೇಲೆ ತೆಲುಗಿನಲ್ಲಿ "ನೇನೇ ತಪ್ಪು ಚೆಪ್ಪಿನಾ" ಅಂದರು. ನನಗೂ ಅರ್ಥ ಆಗಲಿ ಅಂತ ಮತ್ತೆ ಕನ್ನಡದಲ್ಲಿ, "ನಾನೇ ಕಂಡ್ಲ ಅಂದ್ಬುಟ್ಟೆ ಕಣಮ್ಮಾ. ಅಲ್ಲುಡ್ದು ತಪ್ಪಿಲ್ಲ." ಅದೂ ದನಿಯಲ್ಲ, ಒಣಗಿದ ಎಲೆ ನೆಲದ ಮೇಲೆ ಎಳೆದ ಹಾಗೆ. ಸತ್ತು ಬದುಕಿ ಬಂದವರು ಆಡಿದ ಮೊದಲ ಮಾತು ಅದು. ಉಮಾಶಂಕರ ಜೇಬಿನಿಂದ ಕೈ ತೆಗೆದ. ನೀವೆಲ್ಲ ನನ್ನ ಮೇಲಿದ್ದ ಕೋಪವನ್ನು ಅವತ್ತೇ ಪುಸ್ತಕದ ಮೇಲೆ ಹಾಕಿದಿರಿ. ಪಾಪ, ಅದಕ್ಕೆ ಬಾಯಿ ಎಲ್ಲಿದೆ?

ನಾನು ಕ್ಯಾರಿಯರ್ ಕೆಳಗಿಟ್ಟು ಸುಮ್ಮನೆ ನಿಂತೆ.

ರಾಧಾ, ಅವರು ಕಂಡ್ಲ ಅನ್ನಲಿಲ್ಲ. ಕಟ್ಲ ಪಾಮು ಅಂದರು. ಕಟ್ಟುಹಾವನ್ನು ನಿಮ್ಮ ತೆಲುಗಿನಲ್ಲಿ ಹಾಗೆ ಅನ್ನುತ್ತಾರೆ ಅಂತ ನನಗೆ ಚೆನ್ನಾಗಿ ಗೊತ್ತು. ಅರವತ್ತು ವರ್ಷ ಕಾಡಂಚಿನಲ್ಲಿ ಮೇಕೆ ಮೇಯಿಸಿದವರು ಹಾವಿನ ಹೆಸರು ತಪ್ಪಾಗಿ ಹೇಳುತ್ತಾರಾ? ನೀವು ಯಾರೂ ಅದನ್ನು ಯೋಚಿಸಲಿಲ್ಲ. ನಾಲಿಗೆ ತಪ್ಪಿದ್ದು ಅವರದಲ್ಲ, ಕಿವಿ ತಪ್ಪಿದ್ದು ನನ್ನದು. ಒಂದೇ ಒಂದು ಅಕ್ಷರ. ಹಿಂದಿನ ದಿನವೆಲ್ಲ ತಲೆಯಲ್ಲಿ ಕಂಡ್ಲ ಕಂಡ್ಲ ಅಂತಲೇ ತುಂಬಿಕೊಂಡಿದ್ದವನಿಗೆ ಬೇರೆ ಏನು ಕೇಳಿಸಬೇಕು? ಮಗಳ ಸಂಸಾರ ಉಳಿಯಲಿ ಅಂತ ಅವರು ನನ್ನ ಕಿವಿಯ ತಪ್ಪನ್ನು ತಮ್ಮ ನಾಲಿಗೆಯ ಮೇಲೆ ಹಾಕಿಕೊಂಡರು. ಆ ನಾಲಿಗೆಯ ಹಿಂದೆ ದನಿಯೇ ಉಳಿದಿರಲಿಲ್ಲ.

ಪುಸ್ತಕದ ಮಾತಿಗೆ ಬರುತ್ತೇನೆ. ಗುರುವಾರ ನಿನ್ನ ಮಾತು ಕೇಳಿದ ಅರ್ಧ ಗಂಟೆಗೆ ಮೋರಿ ಹತ್ತಿರ ಹೋಗಿ ಬೆಂಕಿ ಹಾಕಿದೆ. ಸುಟ್ಟಿದ್ದು ಅದನ್ನಲ್ಲ, ಗೋಡೆಯಲ್ಲಿ ನೇತಾಡುತ್ತಿದ್ದ ಹೋದ ವರ್ಷದ ಪಂಚಾಂಗವನ್ನು. ಬೂದಿಯ ಫೋಟೋ ಕೂಡ ತೆಗೆದಿದ್ದೆ. ಬೂದಿ ಎಲ್ಲಾ ಒಂದೇ ಥರ ಇರುತ್ತದೆ, ನಿನಗೆ ಹೇಗೆ ಗೊತ್ತಾಗಬೇಕು? ಸೆಲ್ವಿ ಅಕ್ಕ ಗೋಡೆಯ ಮೇಲಿಂದ ನೋಡಿ "ಏನ್ ತಂಬಿ, ಪಂಚಾಂಗ ಸುಡಬಾರ್ದು, ಮನೆಗೆ ಆಗಲ್ಲ" ಅಂದಳು. ತಪ್ಪು ಅಂತ ಅವಳಿಗೆ ಹೇಳೋಕೆ ಬಾಯಿ ಬರಲಿಲ್ಲ.

ಯಾಕೆ ಸುಡಲಿಲ್ಲ ಅಂದರೆ, ಕೊನೆ ಸಲ ನೋಡೋಣ ಅಂತ ಎಪ್ಪತ್ತೊಂದನೇ ಪುಟ ತೆಗೆದೆ. ಓದಿ ಪುಟ ತಿರುಗಿಸಿದೆ. ಅಷ್ಟೇ ರಾಧಾ, ಒಂದು ಹಾಳೆ ತಿರುಗಿಸಿದೆ. ಒಂದು ವರ್ಷ ನನ್ನ ಜೇಬಿನಲ್ಲಿದ್ದ ಪುಸ್ತಕದಲ್ಲಿ ಆ ಹಾಳೆಯನ್ನು ನಾನು ಒಂದು ಸಲವೂ ತಿರುಗಿಸಿರಲಿಲ್ಲ. ಹಾವುರಾಣಿಯ ವಿಷಯ ಎಪ್ಪತ್ತೊಂದಕ್ಕೆ ಮುಗಿಯುವುದಿಲ್ಲ. ಎಪ್ಪತ್ತೆರಡರ ಮೇಲ್ಗಡೆ ಇನ್ನೂ ಮೂರು ಸಾಲು ಇದೆ. ಇದ್ದ ಹಾಗೆ ಬರೆಯುತ್ತೇನೆ: "ಆದರೆ ಒಂದು ಎಚ್ಚರಿಕೆ. ಕಚ್ಚಿದ್ದು ಏನೆಂದು ಕಣ್ಣಾರೆ ಕಾಣದಿದ್ದರೆ ಅದನ್ನು ಹಾವುರಾಣಿ ಎಂದುಕೊಳ್ಳಬೇಡಿ. ಹಾವೇ ಕಚ್ಚಿದೆ ಎಂದು ತಿಳಿದು ತಡಮಾಡದೆ ಆಸ್ಪತ್ರೆಗೆ ಹೋಗಿ."

ಬರೆದ ಮಹಾನುಭಾವ ಹೇಳಬೇಕಾದ್ದನ್ನು ಪೂರ್ತಿ ಹೇಳಿದ್ದ. ಓದಬೇಕಾದವನು "ತಪ್ಪು" ಅನ್ನುವವರೆಗೆ ಓದಿ ಎದ್ದುಹೋಗಿದ್ದ. ನನ್ನ ಬಾಳೇ ಹಾಗಲ್ಲವಾ? ಹತ್ತನೇ ಕ್ಲಾಸಿಗೆ ಎದ್ದೆ. ಕಂಪನಿಯಲ್ಲಿ ಪರ್ಮನೆಂಟ್ ಮಾಡುವ ಹೊತ್ತಿಗೆ ಎದ್ದೆ. ಗುಜರಿ ಅಂಗಡಿ ನಾಲ್ಕು ತಿಂಗಳು. ನಿಮ್ಮ ತೆಲುಗು ಅರ್ಧ ಕಲಿತೆ. ಈ ಮನೆಯ ಬಾಗಿಲು ಮಳೆಗೆ ಊದಿಕೊಂಡಿದೆಯಲ್ಲ, ನೀನು ಕೆಳಗಿನಿಂದ ಸ್ವಲ್ಪ ಎತ್ತಿ ಎಳೆದು ಹಾಕುತ್ತಿದ್ದೆ. ನಾನು ಮೂರು ತಿಂಗಳಿಂದ ಅರ್ಧ ಎಳೆದು, ಕದಿಯೋಕೆ ಏನಿದೆ ಅಂತ ಹಾಗೇ ಬಿಟ್ಟು ಕೆಲಸಕ್ಕೆ ಹೋಗುತ್ತಿದ್ದೇನೆ. ಸಾಯಂಕಾಲ ಬಂದರೆ ಬೀದಿ ನಾಯಿ ನಿನ್ನ ಹೊಲಿಗೆ ಮಿಷನ್ ಕೆಳಗೆ ಮಲಗಿರುತ್ತದೆ.

ಅದಕ್ಕೇ ಆ ಪುಸ್ತಕ ಸುಡಲಾರೆ. ಅದು ಸುಟ್ಟುಹೋದರೆ ಆ ಮೂರು ಸಾಲು ಹೋಗುತ್ತದೆ. ಆ ಮೂರು ಸಾಲು ಹೋದರೆ ನಾನು ನಿಜವಾಗಿಯೂ ತಪ್ಪು ಮಾಡದವನಾಗಿಬಿಡುತ್ತೇನೆ. ನೀನು ಬರುತ್ತೀಯ, ಬಾಗಿಲು ಎತ್ತಿ ಎಳೆಯುತ್ತೀಯ, ಸೊಪ್ಪು ಬಿಡಿಸುತ್ತೀಯ. ಮಾವ ಹಬ್ಬಕ್ಕೆ ಬರುತ್ತಾರೆ, ಗಂಟಲ ಗಾಯದ ಮೇಲೆ ಟವೆಲ್ ಸುತ್ತಿಕೊಂಡು ನನ್ನ ಎದುರು ಕೂತು ಊಟ ಮಾಡುತ್ತಾರೆ. ಅವರಿಗೂ ನನಗೂ ಮಾತ್ರ ಗೊತ್ತಿರುವುದನ್ನು ಇಬ್ಬರೂ ಅನ್ನದ ಜೊತೆ ಕಲಸಿ ನುಂಗಬೇಕು. ಎಷ್ಟು ವರ್ಷ? ಅವರು ನುಂಗಬಲ್ಲರು, ದೊಡ್ಡವರು. ನನ್ನ ಕೈಲಿ ಆಗಲ್ಲ.

ಮೇಕೆಗಳನ್ನು ಈಗ ತಟ್ಟೆ ಬಡಿದು ಕರೆಯುತ್ತಾರಂತೆ, ಉಮಾಶಂಕರನೇ ಹೇಳಿದ. ಅರ್ಧ ಮೇಕೆ ಬರಲ್ಲವಂತೆ, ಊಟಕ್ಕೆ ಕರೆದರು ಅಂತ ಮಕ್ಕಳು ಮಾತ್ರ ಓಡಿ ಬರುತ್ತಾರಂತೆ. ನಗಿಸೋಕೆ ಅಂತ ಹೇಳಿದ. ಚೆಕ್‌ಪೋಸ್ಟ್ ಹತ್ತಿರ ಪೊಲೀಸಿನವರು ಲಾರಿ ನಿಲ್ಲಿಸೋಕೆ ಊದುವಂಥ ಒಂದು ಸೀಟಿ ತಗೊಂಡಿದ್ದೇನೆ. ಅವರಿಗೆ ಕೊಡಬೇಕೋ, ಕೊಟ್ಟರೆ ಗಾಯದ ಮೇಲೆ ಬರೆ ಎಳೆದ ಹಾಗಾಗುತ್ತದೋ ತಿಳಿಯುತ್ತಿಲ್ಲ. ನೀನು ಹೇಳಿದ ಹಾಗೆ ಮಾಡುತ್ತೇನೆ.

ಈ ಕಾಗದವನ್ನು ನಾನೇ ತಂದು ನಿನ್ನ ಕೈಗೆ ಕೊಡುತ್ತೇನೆ, ಪುಸ್ತಕದ ಜೊತೆಗೆ. ಓದುವ ತನಕ ಜಗುಲಿಯಲ್ಲಿ ಕೂತಿರುತ್ತೇನೆ, ಒಳಗೆ ಬರಲ್ಲ. ನಿಮ್ಮಣ್ಣನ ಮುಂದೆ, ಅತ್ತೆಯ ಮುಂದೆ ಜೋರಾಗಿ ಓದು. ಮಾವ ಬೇಡ ಅಂತ ಕೈ ಆಡಿಸುತ್ತಾರೆ, ನಿಲ್ಲಿಸಬೇಡ. ಅವರ ಕೈಲಿ ಈಗ ಕೂಗಿ ನಿಲ್ಲಿಸೋಕೆ ಆಗಲ್ಲ ಅನ್ನುವುದನ್ನು ಈ ಒಂದು ಸಲ ನಾನು ಉಪಯೋಗಿಸಿಕೊಳ್ಳುತ್ತಿದ್ದೇನೆ, ಅದಕ್ಕೂ ಕ್ಷಮೆ ಇರಲಿ. ಓದಿದ ಮೇಲೆ ಹೋಗು ಅಂದರೆ ಮಧ್ಯಾಹ್ನದ ಬಸ್ಸಿಗೆ ಹೋಗುತ್ತೇನೆ. "ಹೋಗು" ಅನ್ನುತ್ತೀಯೋ "ಹೋಗಿ" ಅನ್ನುತ್ತೀಯೋ, ಎರಡಕ್ಕೂ ತಯಾರಾಗಿದ್ದೇನೆ.

ನಿನ್ನವನು ಅಂತ ಬರೆದುಕೊಳ್ಳುವ ಹಕ್ಕು ಇದೆಯೋ ಇಲ್ಲವೋ ತಿಳಿಯದ,
ಅಂಬರೀಶ

ಮರೆತಿದ್ದು: ಮರೆತಿಲ್ಲ ರಾಧಾ. ಬರೆಯದೆ ಬಿಟ್ಟಿದ್ದೆ. ಇದನ್ನೂ ಅರ್ಧಕ್ಕೇ ನಿಲ್ಲಿಸಿ ಎದ್ದುಬಿಟ್ಟಿದ್ದೆ. ಚಪ್ಪಲಿ ಹಾಕಿಕೊಂಡವನು ಮತ್ತೆ ಕೂತಿದ್ದೇನೆ.

ಕಿವಿ ತಪ್ಪಿತು ಅಂತ ಮೇಲೆ ಬರೆದೆ. ಅದು ಮೊದಲನೇ ಸಲದ ಮಾತು. ಮಾವ ಎರಡು ಸಲ ಹೇಳಿದರು. ನಾನು ತಮ್ಮ, ಅಣ್ಣ ಅಂತ ತಮಾಷೆ ಮಾಡಿ ಎಲ್ಲರೂ ನಗುತ್ತಿದ್ದಾಗ ಅವರು ನನ್ನ ಅಂಗಿಯ ತೋಳು ಹಿಡಿದು ಎಳೆದರು. "ಕಂಡ್ಲ ಕಾದು ಅಲ್ಲುಡೂ. ಕಟ್ಲ" ಅಂದರು, ಕಂಡ್ಲ ಅಲ್ಲ ಅಂತ. "ಟ" ಅನ್ನುವಾಗ ನಾಲಿಗೆ ಮಡಚಿ, ಮಕ್ಕಳಿಗೆ ಹೇಳಿಕೊಡುವ ಹಾಗೆ ಒತ್ತಿ ಹೇಳಿದರು. ಆಮೇಲೆ, "ದಾನಿಕಿ ಕಾಳ್ಳು ಲೇವು." ಅದಕ್ಕೆ ಕಾಲಿರಲಿಲ್ಲ. ಅಷ್ಟು ತೆಲುಗು ನನಗೆ ಬರುತ್ತದೆ. ಸರಿಯಾಗಿ ಕೇಳಿಸಿತು. ಜೀಪು ಇನ್ನೂ ಅಲ್ಲೇ ಇತ್ತು, ಎರಡನೇ ಹಾರನ್ ಆಗಿರಲಿಲ್ಲ.

ನಾನು ತಲೆ ಎತ್ತಿ ನೋಡಿದೆ. ಉಮಾಶಂಕರ ನನ್ನ ತಮಾಷೆಗೆ ನಗುತ್ತಿದ್ದ. ನೀನು ಕಾಫಿ ಲೋಟ ಹಿಡಿದುಕೊಂಡು ನಿಂತಿದ್ದೆ, ಹಿಂದಿನ ದಿನದ ಅದೇ ನೋಟ. ಈಗ ತಪ್ಪಾಯಿತು, ಕೇಳಿಸಿಕೊಂಡಿದ್ದು ತಪ್ಪು, ಜೀಪು ನಿಲ್ಲಿಸಿ ಅನ್ನಬೇಕಿತ್ತು. ಅಷ್ಟು ಜನರಿಗೆ ತಪ್ಪು ತಪ್ಪು ಅಂತ ಹೇಳಿದ ಬಾಯಿಗೆ ಆ ಒಂದು "ತಪ್ಪು" ಬರಲಿಲ್ಲ. "ಮಬ್ಬಲ್ಲಿ ಕಾಲು ಕಾಣ್ಸಿರಲ್ಲ ಬುಡಿ ಮಾವ" ಅಂದೆ, ಮೆಲ್ಲಗೆ, ಅವರಿಗೆ ಮಾತ್ರ. ಅದಕ್ಕೆ ಅವರು ಜೀಪು ಹೋದ ಮೇಲೆ ಹೇಳಿದ್ದು ಆ ಮಾತು, ಬುಕ್ಕಲ್ಲಿ ಅಂಗಿದ್ರೆ ಸರಿ ಬುಡು ಅಂತ. ತಾವು ಕಣ್ಣಾರೆ ಕಂಡಿದ್ದಕ್ಕಿಂತ ನನ್ನನ್ನು ಹೆಚ್ಚು ನಂಬಿದರು.

ಇದನ್ನೂ ಜೋರಾಗಿಯೇ ಓದು.

ನಿಮ್ಮೂರಿಗೆ ಬರೋಕೆ ಬೆಳಗ್ಗೆ ಏಳು ಗಂಟೆಯ ಡೆಂಕಣಿಕೋಟೆ ಬಸ್ಸು ಹಿಡಿಯಬೇಕು. ಪುಸ್ತಕ, ಸೀಟಿ ಚೀಲದಲ್ಲಿವೆ. ಬೂದಿಯ ಫೋಟೋ ಅಳಿಸಿದ್ದೇನೆ. ಹೊಲಿಗೆ ಮಿಷನ್ ಕೆಳಗಿಂದ ನಾಯಿಯನ್ನು ಎಬ್ಬಿಸಿ ಹೊರಗೆ ಕಳಿಸಿದ್ದಾಯಿತು. ಈ ಕೊನೆಯ ಸಾಲನ್ನು ಹೊರಗೆ ನಿಂತು, ಕಾಗದವನ್ನು ಬಾಗಿಲಿಗೆ ಒತ್ತಿ ಹಿಡಿದು ಬರೆಯುತ್ತಿದ್ದೇನೆ. ನೀನು ಮಾಡುತ್ತಿದ್ದ ಹಾಗೆ ಕೆಳಗಿನಿಂದ ಎತ್ತಿ ಎಳೆದೆ. ಪೂರ್ತಿ ಹಾಕಿಕೊಂಡಿತು.